ಉಚಿತ ಆಟ ಎಷ್ಟು ದಿನದ್ದೆಂದು ಕೊಡುವಾಗಲೇ ಹೇಳಲಿ

ಸಂಪಾದಕರಿಗೆ,

ಮಾನ್ಯರೇ,

ಕಂಪ್ಯೂಟರಿನಲ್ಲೋ ಪ್ಲೇಸ್ಟೇಷನ್‌ನಲ್ಲೋ ಮೊಬೈಲಿನಲ್ಲೋ ಉಚಿತವಾಗಿ ಪಡೆದುಕೊಂಡಿದ್ದ ವಿಡಿಯೊ ಗೇಮ್ ಒಂದು ದಿನ ಇದ್ದಕ್ಕಿದ್ದಂತೆ ಲೈಬ್ರರಿಯಿಂದ, ಅಂದರೆ ನಮ್ಮ ಖಾತೆಯಲ್ಲಿ ಕಾಣುವ ಆಟಗಳ ಪಟ್ಟಿಯಿಂದ, ಕಾಣೆಯಾದಾಗ, ಖಾತೆಗೆ ಯಾರೋ ಕನ್ನ ಹಾಕಿದ್ದಾರೆ ಎಂಬ ಭಯ ಮೊದಲು ಹುಟ್ಟುತ್ತದೆ; ಅದು ಸುಳ್ಳೆಂದು ತಿಳಿದ ಮೇಲೆ, ಮನೆಯ ಮಕ್ಕಳೇ ಏನನ್ನೋ ಒತ್ತಿ ಅಳಿಸಿದ್ದಾರೆ ಎಂಬ ಗದರಿಕೆ ಶುರುವಾಗುತ್ತದೆ. ಆದರೆ ಆಟವನ್ನು ಕೊಟ್ಟವರೇ ಅದನ್ನು ವಾಪಸು ತೆಗೆದುಕೊಂಡಿರುವ ಸಾಧ್ಯತೆಯೂ ಇರುತ್ತದೆ ಎಂಬುದು, ಹಾಗೆ ತೆಗೆದುಕೊಳ್ಳುವ ಅಧಿಕಾರವನ್ನು ಬಳಕೆಯ ಕರಾರಿನಲ್ಲಿ ಅವರು ಮೊದಲೇ ಬರೆದುಕೊಂಡಿರುತ್ತಾರೆ ಎಂಬುದು ಹೆಚ್ಚು ಮಂದಿಗೆ ಗೊತ್ತಿಲ್ಲ. ಇದನ್ನು ಬರೀ ಮಕ್ಕಳ ಆಟದ ವಿಷಯವೆಂದು ಬದಿಗೆ ಸರಿಸದೆ, ಗ್ರಾಹಕರ ಹಕ್ಕಿನ ಪ್ರಶ್ನೆಯಾಗಿ ನೋಡಬೇಕೆಂದು ಕೋರಿ ಈ ಪತ್ರ ಬರೆಯುತ್ತಿದ್ದೇನೆ.

ಡಿಜಿಟಲ್ ಅಂಗಡಿಗಳಲ್ಲಿ ಹಣ ಕೊಟ್ಟವರಿಗೂ ಸಿಗುವುದು ಸಾಮಾನ್ಯವಾಗಿ ಆಟವನ್ನು ಬಳಸುವ ಪರವಾನಗಿ ಮಾತ್ರ. ವಾಲ್ವ್ ಸಂಸ್ಥೆ ನಡೆಸುವ ಸ್ಟೀಮ್ ಅಂಗಡಿಯ ಕರಾರಿನಲ್ಲಿ, ಇಲ್ಲಿರುವುದನ್ನು ಮಾರುತ್ತಿಲ್ಲ, ಬಳಸಲು ಪರವಾನಗಿ ಕೊಡುತ್ತಿದ್ದೇವೆ ಎಂದು ನೇರವಾಗಿಯೇ ಇದೆ. 2024ರ ಅಕ್ಟೋಬರ್‌ನಿಂದ ಹಣ ಪಾವತಿಸುವ ಹಂತದಲ್ಲಿಯೂ ಆ ಮಾತನ್ನು ತೋರಿಸತೊಡಗಿದ್ದಾರೆ. ನಾವು ನಮ್ಮ ಲೈಬ್ರರಿ ಎಂದುಕೊಳ್ಳುವುದು ಅವರ ಸರ್ವರ್‌ನಲ್ಲಿ ನಮ್ಮ ಖಾತೆಯ ಹೆಸರಿಗೆ ದಾಖಲಾಗಿರುವ ಪರವಾನಗಿಗಳ ಪಟ್ಟಿ. ಈ ಪಟ್ಟಿಯಲ್ಲಿ ಶಾಶ್ವತವಾಗಿ ಕೊಟ್ಟದ್ದು, ನಾಲ್ಕು ದಿನಕ್ಕೆ ಕೊಟ್ಟದ್ದು, ಚಂದಾ ಇರುವ ತನಕ ಕೊಟ್ಟದ್ದು, ಮನೆಯ ಇನ್ನೊಬ್ಬರ ಖಾತೆಯಿಂದ ಎರವಲು ಬಂದದ್ದು ಎಲ್ಲವೂ ಒಂದೇ ಬಗೆಯ ಚಿತ್ರಗಳಾಗಿ ಸಾಲಾಗಿ ನಿಂತಿರುತ್ತವೆ. ಗೊಂದಲದ ಮೂಲ ಇಲ್ಲಿದೆ.

ಸ್ಟೀಮ್‌ನಲ್ಲಿ ವಾರಾಂತ್ಯದ ಮಟ್ಟಿಗೆ ಉಚಿತವಾಗಿ ಆಡಲು ಬಿಡುವ ಪದ್ಧತಿಯೊಂದಿದೆ. ಶನಿವಾರ ಡೌನ್‌ಲೋಡ್ ಮಾಡಿಕೊಂಡ ಆಟ ಮುಂದಿನ ವಾರ ಹಣ ಕೇಳುತ್ತದೆ. ಅದೇ ಅಂಗಡಿ ಬೇರೆ ಸಂದರ್ಭಗಳಲ್ಲಿ ಕೆಲವು ಆಟಗಳಿಗೆ ನೂರಕ್ಕೆ ನೂರು ರಿಯಾಯಿತಿ ಘೋಷಿಸುವುದುಂಟು. ಆ ಅವಧಿಯೊಳಗೆ ಖಾತೆಗೆ ಸೇರಿಸಿಕೊಂಡರೆ ಆಟ ಕೊಂಡದ್ದಕ್ಕೆ ಸಮನಾಗಿ ಉಳಿಯುತ್ತದೆ. ಎಪಿಕ್ ಗೇಮ್ಸ್ ಸಂಸ್ಥೆ 2018ರ ಡಿಸೆಂಬರ್‌ನಿಂದ ತನ್ನ ಅಂಗಡಿಯಲ್ಲಿ ಕೊಡುತ್ತ ಬಂದಿರುವ ಉಚಿತ ಆಟಗಳು ಈ ಎರಡನೆಯ ಜಾತಿಯವು. ಪರೀಕ್ಷಾರ್ಥ ಆವೃತ್ತಿಗಳು ಮತ್ತು ಮಾದರಿಗಾಗಿ ಬಿಡುವ ಡೆಮೊಗಳದು ಇನ್ನೊಂದು ಬಗೆ. ತಯಾರಕರ ಉದ್ದೇಶ ಮುಗಿದ ಮೇಲೆ ಅವನ್ನು ಹಿಂತೆಗೆಯುತ್ತಾರೆ. ಆಡುವವರ ಕಣ್ಣಿಗೆ ಇವೆಲ್ಲವೂ ಬಿಟ್ಟಿಯಾಗಿ ಬಂದ ಆಟಗಳೇ. ಬೆಲೆ ಸೊನ್ನೆ ಎಂದು ದೊಡ್ಡ ಅಕ್ಷರದಲ್ಲಿ ಬರೆಯುವವರು ಅವಧಿಯನ್ನು ಮಾತ್ರ ಸಣ್ಣ ಅಕ್ಷರದಲ್ಲಿ ಬರೆಯುತ್ತಾರೆ.

ಚಂದಾದಾರರ ವಿಷಯ ಇನ್ನಷ್ಟು ಸಿಕ್ಕುಸಿಕ್ಕಾದುದು. ಸೋನಿಯ ಪ್ಲೇಸ್ಟೇಷನ್ ಪ್ಲಸ್ ಪ್ರತಿ ತಿಂಗಳು ಚಂದಾದಾರರಿಗೆ ಕೆಲವು ಆಟಗಳನ್ನು ಪ್ರತ್ಯೇಕ ಬೆಲೆಯಿಲ್ಲದೆ ಕೊಡುತ್ತದೆ. ಅವು ಬಸ್ ಪಾಸಿನ ಹಾಗೆ: ಪಾಸ್ ಮುಗಿದರೂ ಬಸ್ ಓಡುತ್ತಿರುತ್ತದೆ, ನಮಗೆ ಹತ್ತುವ ಹಕ್ಕಿರುವುದಿಲ್ಲ, ಮತ್ತೆ ಚಂದಾ ಕಟ್ಟಿದರೆ ಹಿಂದೆ ಸೇರಿಸಿಕೊಂಡಿದ್ದ ಆಟಗಳು ಮತ್ತೆ ತೆರೆದುಕೊಳ್ಳುತ್ತವೆ. ಆದರೆ ಅದೇ ಚಂದಾದ ಮೇಲಿನ ದರ್ಜೆಗಳಲ್ಲಿ ಸಿಗುವ ದೊಡ್ಡ ಸಂಗ್ರಹಕ್ಕೆ ಈ ನಿಯಮ ಅನ್ವಯಿಸುವುದಿಲ್ಲ. ಒಂದು ಆಟವನ್ನು ಸಂಗ್ರಹದಿಂದ ತೆಗೆದರೆ, ಚಂದಾ ಚಾಲ್ತಿಯಲ್ಲಿದ್ದರೂ ಆಡಲಾಗುವುದಿಲ್ಲ. ಮೈಕ್ರೊಸಾಫ್ಟ್ 2023ರ ಸೆಪ್ಟೆಂಬರ್‌ನಲ್ಲಿ ನಿಲ್ಲಿಸಿದ ಗೇಮ್ಸ್ ವಿತ್ ಗೋಲ್ಡ್ ಎಂಬ ಯೋಜನೆಯಲ್ಲಿಯಂತೂ ಒಂದೇ ತಿಂಗಳಲ್ಲಿ ಕೊಡುತ್ತಿದ್ದ ಆಟಗಳಿಗೇ ಎರಡು ನ್ಯಾಯವಿತ್ತು. ಅದರ ಹಳೆಯ ಆಟದ ಯಂತ್ರವಾದ ಎಕ್ಸ್‌ಬಾಕ್ಸ್ 360ರ ಆಟಗಳು ಚಂದಾ ನಿಂತ ಮೇಲೂ ಉಳಿಯುತ್ತಿದ್ದವು, ಅದರ ನಂತರದ ಯಂತ್ರವಾದ ಎಕ್ಸ್‌ಬಾಕ್ಸ್ ಒನ್‌ನ ಆಟಗಳು ಚಂದಾದೊಡನೆಯೇ ಹೋಗುತ್ತಿದ್ದವು. ಇಂಥ ಸೂಕ್ಷ್ಮವನ್ನು ಶಾಲೆಗೆ ಹೋಗುವ ಹುಡುಗ ತಿಳಿದಿರಬೇಕೆಂದು ನಿರೀಕ್ಷಿಸುವುದು ಹೋಗಲಿ, ಅವನ ತಂದೆತಾಯಿ ವಕೀಲರಾಗಿದ್ದರೂ ಒಮ್ಮೆ ತಡವರಿಸಿಯಾರು.

ಮೇಲಿನವೆಲ್ಲ ಕನಿಷ್ಠಪಕ್ಷ ಮೊದಲೇ ಬರೆದಿಟ್ಟ ಷರತ್ತುಗಳು. ಅವಧಿಯ ಸುಳಿವೇ ಇಲ್ಲದೆ ಕೊಟ್ಟದ್ದನ್ನು ಹಿಂತೆಗೆದುಕೊಂಡ ಪ್ರಕರಣಗಳಲ್ಲಿ ಪಿ.ಟಿ. ಎಂಬ ಆಟದ್ದು ನನಗೆ ಎಲ್ಲಕ್ಕಿಂತ ಮುಖ್ಯವೆನಿಸುತ್ತದೆ. ಜಪಾನಿನ ಕೊನಾಮಿ ಸಂಸ್ಥೆ 2014ರ ಆಗಸ್ಟ್ 12ರಂದು ಪ್ಲೇಸ್ಟೇಷನ್ 4ಕ್ಕೆ ಉಚಿತವಾಗಿ ಬಿಟ್ಟ ಭಯಾನಕ ಕಿರು ಆಟ ಇದು. ಯಾರೂ ಕೇಳಿರದ ಸ್ಟುಡಿಯೊ ಒಂದರ ಹೆಸರಿನಲ್ಲಿ ಹೊರಬಂದ ಇದನ್ನು ಕೊನೆಯವರೆಗೂ ಆಡಿದವರಿಗೆ ಮಾತ್ರ, ಇದು ಹೆಸರಾಂತ ಆಟ ವಿನ್ಯಾಸಕ ಹಿದಿಯೊ ಕೊಜಿಮಾ ಮತ್ತು ಸಿನಿಮಾ ನಿರ್ದೇಶಕ ಗಿಲೆರ್ಮೊ ಡೆಲ್ ಟೊರೊ ಸೇರಿ ಮಾಡಲಿದ್ದ ಸೈಲೆಂಟ್ ಹಿಲ್ಸ್ ಎಂಬ ದೊಡ್ಡ ಆಟದ ಮುನ್ಸೂಚನೆ ಎಂಬುದು ತಿಳಿಯುತ್ತಿತ್ತು. ಮುಂದೆ ಆ ದೊಡ್ಡ ಆಟವೇ ರದ್ದಾಯಿತು; 2015ರ ಏಪ್ರಿಲ್ 29ರಂದು ಪಿ.ಟಿ.ಯನ್ನು ಅಂಗಡಿಯಿಂದ ತೆಗೆದರು, ಬಳಿಕ ಹಿಂದೆಯೇ ಪಡೆದಿದ್ದವರೂ ಅದನ್ನು ಮರಳಿ ಡೌನ್‌ಲೋಡ್ ಮಾಡಿಕೊಳ್ಳದಂತೆ ಬಾಗಿಲು ಹಾಕಿದರು. ಯಂತ್ರದಲ್ಲಿ ಜಾಗ ಸಾಲದೆ ಒಮ್ಮೆ ಅಳಿಸಿದ್ದವರು, ಹಾರ್ಡ್ ಡಿಸ್ಕ್ ಕೆಟ್ಟವರು ಅದನ್ನು ಕಳೆದುಕೊಂಡಂತೆಯೇ. ಆ ಆಟ ಉಳಿದಿರುವ ಹಳೆಯ ಯಂತ್ರಗಳನ್ನು ಜನ ಇಂಟರ್ನೆಟ್ಟಿನಲ್ಲಿ ವಿಪರೀತ ಬೆಲೆ ಹೇಳಿ ಮಾರಾಟಕ್ಕಿಟ್ಟರು. ಬಿಟ್ಟಿ ಸಿಕ್ಕಿದ್ದ ವಸ್ತುವಿಗೆ ಆ ಬೆಲೆ ಬಂದದ್ದು ವಿಚಿತ್ರವೇ ಸರಿ. ಇಲ್ಲಿ ಸರ್ವರ್ ನಡೆಸುವ ಖರ್ಚಿನ ನೆಪವನ್ನೂ ಹೇಳುವಂತಿರಲಿಲ್ಲ, ಏಕೆಂದರೆ ಅದು ಒಬ್ಬರೇ ಕೂತು ಆಡುವ ಆಟ.

ಹಲವರು ಒಟ್ಟಾಗಿ ಆಡುವ ಆನ್‌ಲೈನ್ ಆಟಗಳ ಕತೆ ಬೇರೆ. ಅಲ್ಲಿ ಆಟದ ಅರ್ಧ ಭಾಗ ನಮ್ಮ ಯಂತ್ರದಲ್ಲಿಯೂ ಉಳಿದರ್ಧ ಕಂಪನಿಯ ಸರ್ವರ್‌ನಲ್ಲಿಯೂ ಇರುತ್ತದೆ. ಲಾಗಿನ್ ಮಾಡಿಸುವುದು, ಎದುರಾಳಿಗಳನ್ನು ಜೋಡಿಸುವುದು, ಮೋಸದಾಟವನ್ನು ತಡೆಯುವುದು, ಗೆದ್ದ ಅಂಕಗಳನ್ನು ಕಾಪಾಡುವುದು ಎಲ್ಲವೂ ಅಲ್ಲಿಂದಲೇ ನಡೆಯಬೇಕು, ಮತ್ತು ಅದಕ್ಕೆ ಪ್ರತಿ ತಿಂಗಳು ಖರ್ಚಿದೆ. ಪ್ರವೇಶ ಉಚಿತವಾದ್ದರಿಂದ ಆ ಖರ್ಚು ಹುಟ್ಟಬೇಕಾದದ್ದು ಆಟದೊಳಗೆ ಉಡುಪು, ಆಯುಧ, ಪಾಸ್‌ಗಳನ್ನು ಕೊಳ್ಳುವವರಿಂದ. ಕೊಳ್ಳುವವರು ಕಡಿಮೆಯಾದರೆ ಆಟ ಮುಚ್ಚುತ್ತದೆ. ಯೂಬಿಸಾಫ್ಟ್‌ನ ಎಕ್ಸ್‌ಡಿಫಯಂಟ್ 2024ರ ಮೇ ತಿಂಗಳಲ್ಲಿ ಬಂದು 2025ರ ಜೂನ್‌ನಲ್ಲಿ ಮುಚ್ಚಿಹೋಯಿತು. ಇದಕ್ಕಾಗಿ ಕಂಪನಿಗಳನ್ನು ನಾನು ದೂರುವುದಿಲ್ಲ. ನಷ್ಟದ ಅಂಗಡಿಯನ್ನು ಸದಾಕಾಲ ತೆರೆದಿಡಿ ಎಂದು ಯಾರೂ ಯಾರಿಗೂ ಆಜ್ಞಾಪಿಸಲಾಗದು. ಆದರೆ ಮುಚ್ಚುವ ರೀತಿಯಲ್ಲಿ ವ್ಯತ್ಯಾಸವಿದೆ. ಎಪಿಕ್ ಸಂಸ್ಥೆ 2018ರ ಏಪ್ರಿಲ್‌ನಲ್ಲಿ ಪ್ಯಾರಗಾನ್ ಎಂಬ ಉಚಿತ ಆಟವನ್ನು ಮುಚ್ಚಿದಾಗ ಆಟಗಾರರು ಅದರಲ್ಲಿ ಖರ್ಚು ಮಾಡಿದ್ದ ಹಣವನ್ನು ಹಿಂದಿರುಗಿಸಲು ಮುಂದಾಯಿತು. ನಾಕ್‌ಔಟ್ ಸಿಟಿ 2023ರ ಜೂನ್‌ನಲ್ಲಿ ನಿಂತಾಗ, ಆಸಕ್ತರು ತಮ್ಮದೇ ಸರ್ವರ್ ಹಾಕಿಕೊಂಡು ಆಡುವಂತೆ ಕಂಪ್ಯೂಟರ್ ಆವೃತ್ತಿಯೊಂದನ್ನು ಅದರ ತಯಾರಕರು ಉಚಿತವಾಗಿ ಬಿಟ್ಟುಕೊಟ್ಟರು. ನಿಂಟೆಂಡೊ 2024ರ ನವೆಂಬರ್‌ನಲ್ಲಿ ತನ್ನ ಮೊಬೈಲ್ ಆಟವಾದ ಅನಿಮಲ್ ಕ್ರಾಸಿಂಗ್: ಪಾಕೆಟ್ ಕ್ಯಾಂಪ್‌ನ ಆನ್‌ಲೈನ್ ಸೇವೆ ನಿಲ್ಲಿಸಿ, ಹಣ ಕೊಟ್ಟು ಕೊಳ್ಳುವ ಪ್ರತ್ಯೇಕ ಆವೃತ್ತಿಗೆ ಹಳೆಯ ಆಟಗಾರರು ತಮ್ಮ ಗಳಿಕೆಯನ್ನು ಸಾಗಿಸಿಕೊಳ್ಳಲು ಅವಕಾಶ ಕೊಟ್ಟಿತು. ಮನಸ್ಸಿದ್ದರೆ ದಾರಿಯಿದೆ ಎಂಬುದಕ್ಕೆ ಇಷ್ಟು ಸಾಕು.

ನಮ್ಮಲ್ಲಿ ಉಚಿತ ಆಟಗಳು ಅತಿ ದೊಡ್ಡ ಪ್ರಮಾಣದಲ್ಲಿ ಕಣ್ಮರೆಯಾದದ್ದು ಸರ್ಕಾರದ ಆದೇಶದಿಂದ. ಮಾಹಿತಿ ತಂತ್ರಜ್ಞಾನ ಕಾಯ್ದೆಯ 69ಎ ಕಲಮಿನಡಿ 2020ರ ಸೆಪ್ಟೆಂಬರ್ 2ರಂದು ನಿಷೇಧಿಸಲಾದ 118 ಆ್ಯಪ್‌ಗಳಲ್ಲಿ ಪಬ್‌ಜಿ ಮೊಬೈಲ್ ಇತ್ತು. ಅದೇ ಅಕ್ಟೋಬರ್ 30ರಂದು ಭಾರತದ ಆಟಗಾರರಿಗೆ ಅದರ ಸರ್ವರ್‌ಗಳೂ ಮುಚ್ಚಿದವು. 2022ರ ಫೆಬ್ರುವರಿಯಲ್ಲಿ ಫ್ರೀ ಫೈರ್ ಹೋಯಿತು. ಪಬ್‌ಜಿಯ ಬದಲಿಗೆ 2021ರ ಜುಲೈನಲ್ಲಿ ಬಂದ ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಕೂಡ 2022ರ ಜುಲೈನಲ್ಲಿ ಗೂಗಲ್ ಮತ್ತು ಆ್ಯಪಲ್ ಅಂಗಡಿಗಳಿಂದ ಮಾಯವಾಗಿ, 2023ರ ಮೇ ತಿಂಗಳಲ್ಲಿ ಮರಳಿತು. ಈ ನಿಷೇಧಗಳ ಸರಿತಪ್ಪು ಬೇರೆ ಚರ್ಚೆ. ಇಲ್ಲಿ ಗಮನಿಸಬೇಕಾದದ್ದು, ಹಳೆಯ ಪಬ್‌ಜಿಯಲ್ಲಿ ಸಂಪಾದಿಸಿದ್ದನ್ನೂ ಕೊಂಡದ್ದನ್ನೂ ಹೊಸ ಆಟಕ್ಕೆ ವರ್ಗಾಯಿಸಿಕೊಳ್ಳಲು 2021ರಲ್ಲಿ ಅವಕಾಶ ಸಿಕ್ಕಿತೆಂಬುದು. ಆದರೆ ಅದು ಕಂಪನಿ ತಾನಾಗಿ ತೋರಿದ ಔದಾರ್ಯವೇ ಹೊರತು ಆಟಗಾರರಿಗೆ ಕಾನೂನು ಕೊಟ್ಟ ಹಕ್ಕಾಗಿರಲಿಲ್ಲ.

ಕೆಲವೊಮ್ಮೆ ಆಟವನ್ನು ತೆಗೆಯುವುದೇ ಸರಿ ಎಂಬುದನ್ನೂ ಒಪ್ಪಬೇಕು. 2025ರ ಫೆಬ್ರುವರಿಯಲ್ಲಿ ಸ್ಟೀಮ್‌ನಲ್ಲಿ ಕಾಣಿಸಿಕೊಂಡ ಪೈರೇಟ್‌ಫೈ ಎಂಬ ಉಚಿತ ಆಟದೊಳಗೆ ಮಾಹಿತಿ ಕದಿಯುವ ತಂತ್ರಾಂಶವಿತ್ತು. ವಾಲ್ವ್ ಅದನ್ನು ಕಿತ್ತುಹಾಕಿ, ಆಡಿದ್ದವರಿಗೆ ಕಂಪ್ಯೂಟರನ್ನು ಪೂರ್ತಿ ತಪಾಸಣೆ ಮಾಡಿಸಿಕೊಳ್ಳುವಂತೆ ಸಂದೇಶ ಕಳುಹಿಸಿತು. ಇಂಥ ಅಧಿಕಾರ ಅಂಗಡಿಯವರ ಕೈಯಲ್ಲಿ ಇರಲೇಬೇಕು. ಆದ್ದರಿಂದಲೇ, ಆಟ ಕಾಣೆಯಾದಾಗ ಕಾರಣ ತಿಳಿಸುವುದು ಕಡ್ಡಾಯವಾಗಬೇಕು: ಅವಧಿ ಮುಗಿದ ಆಟಕ್ಕೂ ವೈರಸ್ ಇದ್ದ ಆಟಕ್ಕೂ ಬಳಕೆದಾರರು ಕೈಗೊಳ್ಳಬೇಕಾದ ಕ್ರಮ ಒಂದೇ ಅಲ್ಲ.

ಇನ್ನು ಕಾನೂನಿಗೆ ಬರುತ್ತೇನೆ. ನಮ್ಮ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ, ಪ್ರತಿಫಲ ಕೊಟ್ಟು ಅಥವಾ ಕೊಡುವುದಾಗಿ ಒಪ್ಪಿ ವಸ್ತುವನ್ನೋ ಸೇವೆಯನ್ನೋ ಪಡೆದವರನ್ನು ಗ್ರಾಹಕರೆಂದು ಕರೆಯುತ್ತದೆ; ಸೇವೆಯ ವ್ಯಾಖ್ಯೆಯಿಂದ ಉಚಿತ ಸೇವೆಯನ್ನು ಸ್ಪಷ್ಟವಾಗಿ ಹೊರಗಿಡುತ್ತದೆ. ಹಾಗಾಗಿ ಉಚಿತ ಆಟ ಕಳೆದುಕೊಂಡವರು ಗ್ರಾಹಕರ ಆಯೋಗದ ಮೆಟ್ಟಿಲು ಹತ್ತಿದರೆ ಮೊದಲ ಪ್ರಶ್ನೆಗೇ ಸೋಲುವ ಸಂಭವವಿದೆ. ಡಿಜಿಟಲ್ ಸರಕನ್ನು ಮಾರುವಾಗ ಅದು ಪರವಾನಗಿ ಮಾತ್ರ ಎಂದು ತಿಳಿಸಬೇಕೆನ್ನುವ, 2025ರ ಜನವರಿ 1ರಿಂದ ಜಾರಿಯಲ್ಲಿರುವ ಕ್ಯಾಲಿಫೋರ್ನಿಯದ ಕಾಯ್ದೆಯೂ ಹಣ ಪಡೆಯದೆ ಕೊಡುವ ಸರಕಿಗೆ ವಿನಾಯಿತಿ ಕೊಟ್ಟಿದೆ. ಯುರೋಪಿಯನ್ ಒಕ್ಕೂಟ ಮಾತ್ರ ಒಂದು ಹೆಜ್ಜೆ ಮುಂದಿದೆ. 2022ರ ಜನವರಿಯಿಂದ ಅನ್ವಯವಾಗುತ್ತಿರುವ ಅಲ್ಲಿನ ಡಿಜಿಟಲ್ ಸರಕು ನಿರ್ದೇಶನದ ಪ್ರಕಾರ, ಹಣದ ಬದಲು ತಮ್ಮ ವೈಯಕ್ತಿಕ ಮಾಹಿತಿಯನ್ನು ಒಪ್ಪಿಸಿ ಸೇವೆ ಪಡೆದವರಿಗೂ, ಆ ಮಾಹಿತಿ ಸೇವೆ ಒದಗಿಸುವ ಅಗತ್ಯವನ್ನು ಮೀರಿ ಬಳಕೆಯಾಗುವಾಗ, ರಕ್ಷಣೆಯಿದೆ. ಮುಚ್ಚಿದ ಆಟಗಳನ್ನು ಆಡಬಲ್ಲ ಸ್ಥಿತಿಯಲ್ಲಿ ಬಿಟ್ಟುಹೋಗಬೇಕೆಂದು ಒತ್ತಾಯಿಸುವ ನಾಗರಿಕರ ಅಹವಾಲಿಗೆ ಅಲ್ಲಿ 2025ರಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಸಹಿಗಳು ಬಂದವು. ಅದಕ್ಕೆ ಕಾರಣವಾದದ್ದು ದಿ ಕ್ರೂ ಎಂಬ ಹಣ ಕೊಟ್ಟು ಕೊಂಡ ಆಟ 2024ರಲ್ಲಿ ನಿಂತುಹೋದದ್ದಾದರೂ, ಉಚಿತ ಆಟದೊಳಗೆ ವಸ್ತುಗಳನ್ನು ಕೊಂಡವರ ಪ್ರಶ್ನೆಯೂ ಅದರಲ್ಲಿ ಸೇರಿದೆ.

ಬಿಟ್ಟಿ ಕೊಟ್ಟದ್ದಕ್ಕೆ ಇಷ್ಟೆಲ್ಲ ಕೇಳಬೇಕೇ ಎಂದು ಕೆಲವು ಓದುಗರು ಆಕ್ಷೇಪಿಸಬಹುದು. ದಾನವಾಗಿ ಬಂದ ಆಟಗಳ ಮಟ್ಟಿಗೆ ಆ ಆಕ್ಷೇಪ ನ್ಯಾಯವೇ. ಆದರೆ ಕೊಡುವವರು ನಮ್ಮ ಫೋನ್ ನಂಬರು, ಇಮೇಲ್, ಆಡುವ ಅಭ್ಯಾಸದ ವಿವರ, ಜಾಹೀರಾತು ನೋಡುವ ಸಮಯ ಇವುಗಳಿಂದ ಲಾಭ ಮಾಡಿಕೊಳ್ಳುವಾಗ ಅದನ್ನು ದಾನವೆನ್ನುವುದು ಕಷ್ಟ. ಅಂಗಡಿಯೊಂದು ವಾರವಾರ ಆಟ ಹಂಚುವುದು ಜನ ಅಲ್ಲಿಗೆ ಬಂದು ಹೋಗುವ ರೂಢಿ ಬೆಳೆಸಿಕೊಳ್ಳಲೆಂದು, ಮತ್ತು ಅದರಲ್ಲಿ ತಪ್ಪೇನೂ ಇಲ್ಲ. ವ್ಯಾಪಾರವೆಂದು ಒಪ್ಪಿಕೊಂಡ ಮೇಲೆ ವ್ಯಾಪಾರದ ನಿಯಮಗಳನ್ನೂ ಒಪ್ಪಿಕೊಳ್ಳಬೇಕು, ಅಷ್ಟೇ.

ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್‌ನಲ್ಲಿ, ಆನ್‌ಲೈನ್ ವ್ಯವಹಾರದಲ್ಲಿ ಬಳಕೆದಾರರ ದಾರಿ ತಪ್ಪಿಸುವ ವಿನ್ಯಾಸಗಳನ್ನು ತಡೆಯಲು ಮಾರ್ಗಸೂಚಿ ಹೊರಡಿಸಿ, ಅಂಥ 13 ತಂತ್ರಗಳನ್ನು ಹೆಸರಿಸಿದೆ. ಅವಧಿಯನ್ನು ಮರೆಮಾಡಿ ಉಚಿತವೆಂದು ಕೊಡುವುದನ್ನೂ ಆ ಪಟ್ಟಿಗೆ ಸೇರಿಸುವುದು ಪ್ರಾಧಿಕಾರಕ್ಕೆ ಕಷ್ಟವಾಗಲಾರದು. ಆಟ ಪಡೆಯುವ ಗುಂಡಿಯ ಪಕ್ಕದಲ್ಲಿಯೇ ‘ಇದು ಶಾಶ್ವತ’, ‘ಚಂದಾ ಇರುವ ತನಕ’, ‘ಇಂಥ ದಿನಾಂಕದವರೆಗೆ’, ‘ಸರ್ವರ್ ಇರುವ ತನಕ’ ಎಂಬುದರಲ್ಲಿ ಯಾವುದು ಸರಿಯೋ ಅದನ್ನು ಕನ್ನಡವೂ ಸೇರಿದಂತೆ ಬಳಕೆದಾರರ ಭಾಷೆಯಲ್ಲಿ ಬರೆಯಲಿ. ಆಟವನ್ನು ತೆಗೆದ ಮೇಲೂ ಅದರ ಹೆಸರು ಲೈಬ್ರರಿಯಲ್ಲಿ ಉಳಿದು, ತೆಗೆದ ದಿನ ಮತ್ತು ಕಾರಣ ಅಲ್ಲಿಯೇ ಕಾಣಲಿ. ಆಟದೊಳಗೆ ಮಾರಾಟ ನಡೆಸುವವರು ಸರ್ವರ್ ಮುಚ್ಚುವ ನಿರ್ಧಾರವನ್ನು ಮೊದಲೇ ಪ್ರಕಟಿಸಿ, ಆ ದಿನದಿಂದ ಮಾರಾಟ ನಿಲ್ಲಿಸಿ, ಬಳಸದೆ ಉಳಿದ ಆಟದ ನಾಣ್ಯಗಳಿಗೆ ಹಣ ಹಿಂದಿರುಗಿಸಲಿ. ರಾಜ್ಯದ ಸಂಸದರಲ್ಲಿ ಯಾರಾದರೂ ಮುಂದಿನ ಅಧಿವೇಶನದಲ್ಲಿ ಗ್ರಾಹಕ ವ್ಯವಹಾರಗಳ ಸಚಿವರಿಗೆ ಈ ಬಗ್ಗೆ ಪ್ರಶ್ನೆ ಕೇಳುವುದಾದರೆ, ಉಚಿತ ಸೇವೆಯನ್ನು ಹೊರಗಿಟ್ಟ ಕಾಯ್ದೆಯ ವ್ಯಾಖ್ಯೆಯಿಂದಲೇ ಆರಂಭಿಸಬೇಕೆಂದು ನನ್ನ ವಿನಂತಿ.

ತಮ್ಮ ವಿಶ್ವಾಸಿ,
ಒಬ್ಬ ಓದುಗ, ಶಿವಮೊಗ್ಗ