ವಾಚನಾಲಯದ ಬಾಗಿಲು ರಾತ್ರಿ 9ರವರೆಗೆ ತೆರೆದಿರಲಿ

ಮಾನ್ಯರೇ,

ನಮ್ಮ ಎದುರು ಮನೆಯಲ್ಲಿ 70 ದಾಟಿದ ತಾಯಿಯೊಬ್ಬರು ಒಂಟಿಯಾಗಿದ್ದಾರೆ. ತಳ್ಳುಗಾಡಿಯವರು ಕೂಗಿದೊಡನೆ ದಿನವೂ ಕೆಳಗಿಳಿದು ಕಾಲು ಕೆ.ಜಿ. ಹುರುಳಿಕಾಯಿಯನ್ನೋ ಎರಡು ನುಗ್ಗೆಕಾಯಿಯನ್ನೋ ಕೊಳ್ಳುತ್ತಾರೆ. ವಾರಕ್ಕಾಗುವಷ್ಟು ಒಮ್ಮೆಲೇ ತೆಗೆದಿಡಬಾರದೇ ಎಂದು ಕೇಳಿದ್ದಕ್ಕೆ, ‘ಉಳಿದ ಆರು ದಿನ ಯಾರ ಹತ್ರ ಮಾತಾಡ್ಲಿ ಟೀಚರ್?’ ಎಂದರು. ನಮ್ಮ ಮಹಡಿಯಲ್ಲಿ ಬಾಡಿಗೆಗಿರುವ ಹಾವೇರಿ ಕಡೆಯ ಹುಡುಗನಿಗೆ, ಶುಕ್ರವಾರ ರಾತ್ರಿ ಕೆಲಸ ಮುಗಿಸಿ ಬಂದರೆ ಸೋಮವಾರದವರೆಗೆ, ಊಟ ತಂದುಕೊಡುವವನಿಗೆ ಓಟಿಪಿ ಹೇಳುವುದರ ಹೊರತು ಬಾಯಿ ತೆರೆಯುವ ಪ್ರಸಂಗವೇ ಬರುವುದಿಲ್ಲವಂತೆ.

ಜಗತ್ತಿನಲ್ಲಿ ಪ್ರತಿ 6 ಜನರಲ್ಲಿ ಒಬ್ಬರನ್ನು ಒಂಟಿತನ ಬಾಧಿಸುತ್ತಿದೆ, ಅದರಲ್ಲೂ ಹದಿಹರೆಯದವರು ಮತ್ತು ಯುವಜನರಲ್ಲಿ ಇದು ಹೆಚ್ಚು ಎಂದು ವಿಶ್ವ ಆರೋಗ್ಯ ಸಂಸ್ಥೆ 2025ರ ಜೂನ್‌ನಲ್ಲಿ ಹೇಳಿದೆ. ಬ್ರಿಟನ್ 2018ರಲ್ಲಿ, ಜಪಾನ್ 2021ರಲ್ಲಿ ಇದರ ಹೊಣೆಯನ್ನು ಸಚಿವರಿಗೇ ವಹಿಸಿದವು. ನಮ್ಮಲ್ಲಿ ಟೆಲಿ-ಮಾನಸ್ ಸಹಾಯವಾಣಿ (14416) ಇದೆ. ಮನಸ್ಸು ಕುಸಿದವರಿಗೆ ಅದು ನಿಜವಾದ ಆಸರೆ. ಆದರೆ ಆ ಹಂತ ಮುಟ್ಟುವ ಮೊದಲು, ಹಣ ಕೊಡದೆ, ಯಾರ ಅಪ್ಪಣೆಯೂ ಬೇಕಿಲ್ಲದೆ ನಾಲ್ಕು ಜನರ ನಡುವೆ ಹೋಗಿ ಕುಳಿತುಕೊಳ್ಳುವಂಥ ಜಾಗ ಮನೆಯ ಹತ್ತಿರವೇ ಬೇಕಲ್ಲವೇ?

ಅಂಥ ಜಾಗ ನಮ್ಮ ಬಡಾವಣೆಗಳಲ್ಲಿ ಈಗಾಗಲೇ ಇದೆ ಎಂಬುದೇ ನನ್ನ ಮಾತಿನ ತಿರುಳು. ಸಾರ್ವಜನಿಕ ಗ್ರಂಥಾಲಯದ ವಾಚನಾಲಯದಲ್ಲಿ ಒಂದೇ ಪತ್ರಿಕೆಯ ಹಾಳೆಗಳನ್ನು ಮೂವರು ಹಂಚಿಕೊಂಡು ಓದುತ್ತ, ‘ಕ್ರೀಡಾಪುಟ ಆಯ್ತಾ ಸ್ವಾಮಿ, ಸ್ವಲ್ಪ ಇತ್ತ ಕೊಡಿ’ ಎಂಬಲ್ಲಿಂದ ಆರಂಭವಾಗಿ ಮದುವೆ-ಮುಂಜಿಯ ಕರೆಯೋಲೆಯವರೆಗೂ ಬೆಳೆದ ಪರಿಚಯಗಳನ್ನು ನಾನೇ ಕಂಡಿದ್ದೇನೆ. 1965ರ ಕರ್ನಾಟಕ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯಂತೆ ನಾವೆಲ್ಲರೂ ಆಸ್ತಿ ತೆರಿಗೆಯ ಜೊತೆಗೆ ಶೇ 6ರಷ್ಟು ಗ್ರಂಥಾಲಯ ಕರವನ್ನೂ ಕಟ್ಟುತ್ತಿದ್ದೇವೆ. ಹೀಗಿದ್ದೂ ನಮ್ಮ ಬಡಾವಣೆಯ ವಾಚನಾಲಯ, ದುಡಿಯುವವರು ಟ್ರಾಫಿಕ್ ದಾಟಿ ಮನೆ ಸೇರುವಷ್ಟರಲ್ಲಿ ಬೀಗ ಹಾಕಿರುತ್ತದೆ.

ಆ ಕರದ ಹಣದಲ್ಲೇ ಎರಡನೇ ಪಾಳಿಯ ಸಿಬ್ಬಂದಿಯನ್ನು ನೇಮಿಸಿ ವಾಚನಾಲಯಗಳನ್ನು ರಾತ್ರಿ 9ರವರೆಗೆ ತೆರೆದಿಡಬೇಕೆಂದು ಸಂಬಂಧಪಟ್ಟವರನ್ನು ಕಳಕಳಿಯಿಂದ ಕೋರುತ್ತೇನೆ. ಓದುವವರಿಗೆ ಅಡ್ಡಿಯಾಗದಂತೆ ಮಾತುಕತೆಗೆಂದು ಜಗಲಿಯಲ್ಲಿ ನಾಲ್ಕು ಬೆಂಚು ಹಾಕಿಸಿದರೂ ಸಾಕು. ಸಂಜೆ ಪತ್ರಿಕೆಗಳನ್ನು ಜೋಡಿಸಿಡುವ ಕೆಲಸಕ್ಕೆ ನಮ್ಮ ಬೀದಿಯ ನಿವೃತ್ತರು ಸರದಿಯ ಮೇಲೆ ಬರಲು ಒಪ್ಪಿದ್ದೇವೆ. ಎದುರು ಮನೆಯ ತಾಯಿ ಮಂಗಳವಾರದ ಸರದಿಯನ್ನು ತಮಗೇ ಕೊಡಬೇಕೆಂದು ಕೇಳಿದ್ದಾರೆ.

– ನಿವೃತ್ತ ಶಿಕ್ಷಕಿ, ಬೆಂಗಳೂರು