ಊರಿನ ಮೇಲೆ ರೇಡಿಯೋ ದಂಡು

ಪ್ರಿಯ ಆಕಾಶವಾಣಿ,

ಹತ್ತು ಜನ ಓದುವ ಕಡೆ ಹಾಕುತ್ತಿದ್ದೇನೆಂದು ನಿನ್ನ ಅಡ್ಡಹೆಸರನ್ನು ಮುಚ್ಚಿಡುವವನಲ್ಲ ನಾನು. ಬೇಕಾದರೆ ನೀನೂ ನನ್ನದನ್ನು ಬಯಲು ಮಾಡು.

ಕಳೆದ ವಾರ 1937ರ ಒಂದು ಜರ್ಮನ್ ಕಾರ್ಟೂನ್ ನೋಡಿದೆ, ‘ಮಿಗ್ಗರ್ಸ್‌ಹೌಸನ್ ಕದನ’. ರೇಡಿಯೋ ಇಲ್ಲದ ಒಂದು ಹಳ್ಳಿ. ಅದರ ಮೇಲೆ ದಂಡೆತ್ತಿ ಬರುವವರು ಯಾರೆಂದುಕೊಂಡೆ? ರೇಡಿಯೋಗಳೇ! ಪೆಟ್ಟಿಗೆಗಳು ಸಾಲುಗಟ್ಟಿ ನಡೆದು ಊರನ್ನು ಗೆಲ್ಲುತ್ತವೆ, ಊರು ಉದ್ಧಾರವಾಗುತ್ತದೆ. ಹೊಟ್ಟೆ ಹುಣ್ಣಾಗುವಷ್ಟು ನಕ್ಕೆ. ನಗು ಇಳಿದ ಮೇಲೆ ಹೊಳೆಯಿತು, ಉದ್ದಕ್ಕೂ ನಾನು ಪೆಟ್ಟಿಗೆಗಳ ಪಕ್ಷದಲ್ಲಿದ್ದೆ.

ಆ ಕಾಲಕ್ಕೆ ಹಿಟ್ಲರನ ಪ್ರಚಾರ ಮಂತ್ರಿ ಗೋಬೆಲ್ಸ್ ಮನೆಮನೆಗೆ ತುಂಬಿಸುತ್ತಿದ್ದದ್ದು ‘ಜನರ ರೇಡಿಯೋ’. 1933ರಲ್ಲಿ ಬೆಲೆ 76 ಮಾರ್ಕ್; 1938ರ ಪುಟ್ಟ ಮಾದರಿಗೆ 35. ಜನ ಅದನ್ನು ‘ಗೋಬೆಲ್ಸನ ಮೂತಿ’ ಎಂದು ಆಡಿಕೊಂಡರು. ಮೊದಲ ಮಾದರಿಯ ಸಂಖ್ಯೆ 301. ಹಿಟ್ಲರ್ ಗದ್ದುಗೆ ಏರಿದ ಜನವರಿ 30 ಅದರಲ್ಲೇ ಕುಳಿತಿದೆ. 1939ರಲ್ಲಿ ಯುದ್ಧ ಶುರುವಾದದ್ದೇ ತಡ, ಪರದೇಶದ ಕೇಂದ್ರ ಕೇಳುವುದು ಅಪರಾಧವಾಯಿತು. ಹಾಗೆಂದು ಎಚ್ಚರಿಸುವ ಚೀಟಿಯೊಂದನ್ನು ರೇಡಿಯೋದ ಗುಂಡಿಗೇ ಸಿಕ್ಕಿಸುತ್ತಿದ್ದರು. ಹಾಡು ಹುಡುಕುವ ಗುಂಡಿ, ಅದರ ಕೊರಳಲ್ಲಿ ಜೈಲಿನ ಬೆದರಿಕೆ.

ಅಪ್ಪನಿಗೆ ನಾನು ಸ್ಮಾರ್ಟ್‌ಫೋನ್ ತೆಗೆಸಿಕೊಟ್ಟದ್ದು ನೆನಪಿದೆಯಲ್ಲ? ‘ನನಗೇಕೆ ಅದು’ ಎಂದು ಎರಡು ವರ್ಷ ಕೋಟೆ ಕಾಯ್ದವರು. ಯುಗಾದಿಗೆ ಊರಿಗೆ ಹೋದಾಗ ಜಗಲಿಯಲ್ಲಿ ಪಕ್ಕಕ್ಕೆ ಕುಳಿತು, ಅವರ ಒರಟು ಹೆಬ್ಬೆರಳು ಹಿಡಿದು ಪರದೆ ಸರಿಸುವುದನ್ನು ಕಲಿಸಿದೆ. ಅಪ್ಪನಿಗೆ ಜಗತ್ತು ತೋರಿಸಿದೆನೆಂದು ನಿಮ್ಮೆಲ್ಲರೆದುರು ಕೊಚ್ಚಿಕೊಂಡೆ. ನಿಜ ಬೇರೆ. ಆಗ ದಿನಕ್ಕೆ ಮೂರು ಸಲ ಕರೆ ಮಾಡಿ ಮಳೆ, ಬಾವಿ, ಮೊಣಕಾಲು ಎನ್ನುತ್ತಿದ್ದರು. ಮಾತಿಗೆ ಬೇರೆ ಯಾರಾದರೂ ಸಿಗಲಿ, ನನ್ನನ್ನು ಬಿಟ್ಟರೆ ಸಾಕು ಎಂದುಕೊಂಡಿದ್ದೆ.

ಸಿಕ್ಕರು. ಈಗ ಕರೆ ಬರುವುದಿಲ್ಲ. ಬೆಳಗ್ಗೆ ಐದಕ್ಕೆ ಒಂದು ಫಾರ್ವರ್ಡ್ ಬರುತ್ತದೆ: ಇವತ್ತು ಯಾರನ್ನು ದ್ವೇಷಿಸಬೇಕು ಎಂಬ ಪಟ್ಟಿ, ಕೆಳಗೊಂದು ಗುಲಾಬಿ ಹೂ. ಮೊನ್ನೆ ನಾನಾಗಿಯೇ ‘ಮಳೆ ಬಂತೇ ಅಪ್ಪಾ?’ ಎಂದು ಕಳಿಸಿದೆ. ನೀಲಿ ಗೀಟು ಎರಡೂ ಬಿದ್ದವು. ಉತ್ತರಕ್ಕೆ ಒಂದು ವಿಡಿಯೋ ಬಂತು.

ಇದನ್ನೆಲ್ಲ ಬರೆಯಬೇಕೆಂದಿರಲಿಲ್ಲ ಮಾರಾಯ, ಕಾರ್ಟೂನಿನ ಬಗ್ಗೆ ನಾಲ್ಕು ಸಾಲು ಗೀಚಿ ಬುದ್ಧಿವಂತ ಅನ್ನಿಸಿಕೊಳ್ಳೋಣವೆಂದು ಕುಳಿತದ್ದು. ಓದುವವರು ಕರವಸ್ತ್ರ ಒಳಗಿಡಬಹುದು. ನೀನಾದರೂ ಫೋನ್ ಮಾಡು. ಒಂದು ಗಂಟೆಗಿಂತ ಕಡಿಮೆ ಮಾತಾಡಿದೆಯೋ, ಆಕಾಶವಾಣಿ ಪಟ್ಟವನ್ನು ಹಿಂದಕ್ಕೆ ಪಡೆಯುತ್ತೇನೆ.

ಇಂತಿ ನಿನ್ನ,
ಬೆಲ್ಲದ ಡಬ್ಬಿ