ಮಗ್ಗದ ಮನೆಗೆ ಹೊರಟ ಮಗಳಿಗೆ

ಪ್ರೀತಿಯ ಪುಟ್ಟಿ,

ಇಳಕಲ್ ಸೀರೆ ನೇಯುವವರ ಮೇಲೆ ಸಾಕ್ಷ್ಯಚಿತ್ರ ತೆಗೆಯಲು ಹೊರಟಿದ್ದೀಯ. ಇಳಕಲ್ಲಿಗೆ ಹೋದ ಮೊದಲ ದಿನ ಕ್ಯಾಮೆರಾ ಬ್ಯಾಗಿನಲ್ಲೇ ಇರಲಿ. ಸುಮ್ಮನೆ ಕೂತು, ಕೆಲಸ ಎಲ್ಲಿ ಶುರುವಾಗಿ ಎಲ್ಲಿ ನಿಲ್ಲುತ್ತದೆ ನೋಡು. ಕುಣಿಮಗ್ಗದಲ್ಲಿ ನೇಯುವವರು ಕಾಲನ್ನು ಕುಣಿಯೊಳಗೆ ಇಳಿಬಿಟ್ಟು ನೆಲಮಟ್ಟದಲ್ಲಿ ಕೂತಿರುತ್ತಾರೆ. ನೀನು ನಿಂತೇ ತೆಗೆದರೆ ಬರುವುದು ಬರೀ ನೆತ್ತಿ. ಟ್ರೈಪಾಡ್ ಕಾಲು ಪೂರ್ತಿ ಅಗಲಿಸಿ ಅವರ ಕಣ್ಣಿನ ಮಟ್ಟಕ್ಕೆ ಇಳಿ.

ಟ್ಯೂಬ್‌ಲೈಟ್ ಇದ್ದರೆ ಸೆಕೆಂಡಿಗೆ 25 ಫ್ರೇಮ್, ಶಟರ್ ವೇಗ 1/50 ಸೆಕೆಂಡು. ಅದನ್ನು 1/60 ಮಾಡಿದರೆ ನಮ್ಮ 50 ಹರ್ಟ್ಸ್ ಕರೆಂಟಿಗೆ ತಾಳ ತಪ್ಪಿ ಚಿತ್ರದ ಮೇಲೆ ಪಟ್ಟೆ ಹರಿದಾಡಬಹುದು. ಕರೆಂಟು ಹೋದರೆ ಕೈಮಗ್ಗ ನಿಲ್ಲುವುದಿಲ್ಲ, ನಿನ್ನ ಲೈಟು ನಿಲ್ಲುತ್ತದೆ. ಬಾಗಿಲ ಬೆಳಕನ್ನೇ ನಂಬು. ನೂಲಿನ ಧೂಳಿರುವ ಕೋಣೆಯಲ್ಲಿ ಲೆನ್ಸ್ ಬಿಚ್ಚಬೇಡ.

ಹೆಚ್ಚು ಕೆಡುವುದು ಚಿತ್ರವಲ್ಲ, ಸದ್ದು. ಅಡ್ಡ ಎಳೆ ಹೊತ್ತು ಅತ್ತಿತ್ತ ಓಡುವ ಲಾಳಿಯ ಖಟಖಟದ ನಡುವೆ ಮಾತಾಡಿಸಿದರೆ ಆ ಮಾತು ಎಡಿಟಿಂಗಿನಲ್ಲಿ ಕೈಗೆ ಹತ್ತುವುದಿಲ್ಲ: ಒಂದು ವಾಕ್ಯ ಕತ್ತರಿಸಿದರೂ ಮಗ್ಗದ ಲಯ ಮುಗ್ಗರಿಸುತ್ತದೆ. ಮಾತು ಬೇರೆ, ಮಗ್ಗ ಬೇರೆ ಹಿಡಿ. ಕಾಲರ್ ಮೈಕ್ ಗಲ್ಲದಿಂದ ಒಂದು ಗೇಣು ಕೆಳಗಿರಲಿ, ತಾಳಿಸರ ತಾಗದ ಕಡೆ. ಮೀಟರಿನಲ್ಲಿ ಮಾತಿನ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸು. ಹೆಡ್‌ಫೋನ್ ಕಿವಿಯಿಂದ ತೆಗೆಯಬೇಡ. ಹೊರಡುವ ಮುನ್ನ ಯಾರೂ ಮಾತಾಡದೆ ಆ ಕೋಣೆಯ ಸದ್ದನ್ನೇ ಒಂದು ನಿಮಿಷ ತುಂಬಿಕೋ. ಕತ್ತರಿಸಿದ ಜಾಗಗಳಿಗೆ ತೇಪೆ ಹಾಕಲು ಬೇಕಾಗುತ್ತದೆ.

ಇಳಕಲ್ ಸೀರೆಯ ಮೇಲಿನ ಚಿತ್ರಗಳೆಲ್ಲ ಲಾಳಿ ಓಡುವುದನ್ನೇ ತೋರಿಸುತ್ತವೆ, ನನಗಂತೂ ಸಾಕಾಗಿದೆ. ಈ ಸೀರೆಯ ಹೆಚ್ಚುಗಾರಿಕೆ ಮಗ್ಗ ಹೂಡುವ ಮೊದಲೇ ಇದೆ. ಸೀರೆಯ ಒಡಲಿನ ಹಾಸಿನ, ಅಂದರೆ ಉದ್ದಕ್ಕೆ ಹಾಸಿದ, ಎಳೆಗಳಿಗೆ ಸೆರಗಿನ ರೇಷ್ಮೆ ಎಳೆಗಳನ್ನು ಒಂದೊಂದಾಗಿ ಕೊಂಡಿ ಹಾಕಿ ಕೂಡಿಸುತ್ತಾರೆ. ಹಾಗಾಗಿ ಪ್ರತಿ ಸೀರೆಗೂ ಬೇರೆಯೇ ಹಾಸು. ಅಲ್ಲಿ ಬೆರಳುಗಳ ಹತ್ತಿರ ಹೋಗು. ಶಾಟನ್ನು ಹತ್ತು ಸೆಕೆಂಡಾದರೂ ಅಲುಗಾಡಿಸದೆ ಹಿಡಿ. ಎಳೆ ಹಿಡಿಯುವ ಮೊದಲು ಶುರುಮಾಡಿ, ಕೈ ಚೌಕಟ್ಟಿನಿಂದ ಆಚೆ ಹೋದಮೇಲೆ ನಿಲ್ಲಿಸು. ಲಾಳಿಯೊಳಗಿನ ನೂಲಿನ ಸುರುಳಿ, ಅಂದರೆ ಕಂಡಿಕೆ, ಸುತ್ತುವ ಹೆಣ್ಣುಮಕ್ಕಳು ಸಾಮಾನ್ಯವಾಗಿ ಚೌಕಟ್ಟಿನ ಹೊರಗೇ ಉಳಿಯುತ್ತಾರೆ. ಅವರನ್ನೂ ಕೂರಿಸಿ ಮಾತಾಡಿಸು.

"ಈ ಕೆಲಸ ಕಷ್ಟವಾ?" ಅಂದರೆ "ಹೌದ್ರೀ" ಅಂತಾರೆ, ಅಲ್ಲಿಗೆ ಮುಗಿಯಿತು. "ಕೊಂಡಿ ಬಿಟ್ಟುಹೋದ್ರ ಏನ್ ಮಾಡ್ತೀರಿ ಅಕ್ಕಾರ?" ಅಂತ ಕೇಳಿ ನೋಡು, ಕೈಯಲ್ಲೇ ಮಾಡಿ ತೋರಿಸುತ್ತಾರೆ. ಉತ್ತರ ಮುಗಿದಮೇಲೂ ನಾಲ್ಕು ಸೆಕೆಂಡು ಬಾಯಿ ಬಿಡಬೇಡ. ಹೇಳಬೇಕೋ ಬೇಡವೋ ಅಂತ ತಡೆದದ್ದು ಆಗ ಹೊರಬರುತ್ತದೆ.

ಹಾಗೆ ಬಂದದ್ದನ್ನೆಲ್ಲ ಬಳಸುವ ಹಕ್ಕು ನಿನಗಿಲ್ಲ. ಸಾಲ, ಕೂಲಿ, ಮಾಲು ಕೊಳ್ಳುವವರ ಮಾತು ಬಂದರೆ ಚಿತ್ರ ಹೊರಬೀಳುವ ಮೊದಲು ಆ ಭಾಗವನ್ನು ಅವರಿಗೆ ತೋರಿಸು. ನೀನು ಊರು ಬಿಟ್ಟಮೇಲೂ ಅವರು ಅದೇ ಸಾಹುಕಾರರ ಹತ್ತಿರ ನೂಲು ತರಬೇಕು. ಒಪ್ಪಿಗೆ ಪತ್ರವನ್ನು ಕನ್ನಡದಲ್ಲೇ ಬರೆದು ಓದಿಹೇಳು.

ರಾತ್ರಿ ಕಾರ್ಡನ್ನು ಎರಡು ಡ್ರೈವಿಗೆ ಇಳಿಸಿ, ಎರಡನ್ನೂ ತೆರೆದು ನೋಡಿದಮೇಲಷ್ಟೇ ಅಳಿಸು. ಆ ಎರಡು ಡ್ರೈವು ಒಂದೇ ಬ್ಯಾಗಿನಲ್ಲಿ ಬೇಡ.

ನಿನ್ನ,
ಅಮ್ಮ